509ನೇ ಚಿತ್ರ ಎಲ್ಲಿ ಹೋಯಿತು?

ಮೆಮೊರಿ ಕಾರ್ಡಿನಲ್ಲಿ 508ನೇ ಸಂಖ್ಯೆಯ ಚಿತ್ರವಿದೆ. ಅದರ ಮುಂದಿನದು 510. ನಡುವಿನ 509 ಇಲ್ಲ.

508ರಲ್ಲಿ ಹಾಡುಹಗಲು. ಕಾಡಿನ ನಡುವೆ ಸಣ್ಣದೊಂದು ತೊರೆ, ಅದರ ಕಲ್ಲುಗಳ ಮೇಲೆ ಹೆಜ್ಜೆಯಿಟ್ಟು ದಾಟುತ್ತಿರುವ ಯುವತಿ ಹಿಂದಿರುಗಿ ಕ್ಯಾಮೆರಾ ಕಡೆ ನೋಡಿದ್ದಾಳೆ. 510ರಿಂದ ಮುಂದಕ್ಕೆ ಬರೀ ಕತ್ತಲು. ಎರಡರ ನಡುವೆ ಏಳು ದಿನಗಳ ಅಂತರ. 2014ರ ಏಪ್ರಿಲ್‌ನಲ್ಲಿ ಮಧ್ಯ ಅಮೆರಿಕದ ಪನಾಮಾದಲ್ಲಿ ಕಾಣೆಯಾದ ಇಬ್ಬರು ಡಚ್ ಯುವತಿಯರ ಪ್ರಕರಣ ಇಂದಿಗೂ ಚರ್ಚೆಯಲ್ಲಿರುವುದಕ್ಕೆ ಈ ಕಾರ್ಡೇ ದೊಡ್ಡ ಕಾರಣ. ಚಾರಣಕ್ಕೆ ಹೋಗಿ ಕಾಣೆಯಾದವರ ಪ್ರಕರಣಗಳಲ್ಲಿ ಇಷ್ಟು ಚಿತ್ರಗಳು ಸಿಗುವುದೇ ಅಪರೂಪ. ಇಷ್ಟು ಸಿಕ್ಕಿಯೂ ಅವರಿಗೆ ಏನಾಯಿತು ಎಂಬುದು ತೀರ್ಮಾನವಾಗಿಲ್ಲ.

ಕ್ರಿಸ್ ಕ್ರೆಮರ್ಸ್‌ಗೆ 21 ವರ್ಷ, ಲಿಸಾನ್ ಫ್ರೋನ್‌ಗೆ 22. ನೆದರ್ಲೆಂಡ್ಸ್‌ನ ಆಮರ್ಸ್‌ಫೋರ್ಟ್ ಊರಿನ ಗೆಳತಿಯರು. ಮಾರ್ಚ್ ಮಧ್ಯದಲ್ಲಿ ಪನಾಮಾಕ್ಕೆ ಬಂದಿಳಿದು, ಮೊದಲ ಎರಡು ವಾರ ಕರಾವಳಿಯ ಬೋಕಾಸ್ ದೆಲ್ ತೊರೊದಲ್ಲಿ ಕಳೆದು, ಆಮೇಲೆ ಬೊಕೆಟೆ ಎಂಬ ಮಲೆನಾಡಿನ ಊರಿಗೆ ಬಂದರು. ಕಾಫಿ ತೋಟಗಳಿಗೆ ಹೆಸರಾದ ಜಾಗ. ಸ್ಥಳೀಯರ ಮನೆಯಲ್ಲಿ ಇದ್ದುಕೊಂಡು ಮಕ್ಕಳ ಜತೆ ಸ್ವಯಂಸೇವೆ ಮಾಡುವುದು ಅವರ ಯೋಜನೆಯಾಗಿತ್ತು. ಏಪ್ರಿಲ್ 1ರಂದು ಇಬ್ಬರೂ ಎಲ್ ಪಿಯಾನಿಸ್ತಾ ಎಂಬ ಕಾಲುದಾರಿ ಹಿಡಿದು ಬೆಟ್ಟ ಹತ್ತಿದರು.

ಆ ದಾರಿ ಹತ್ತಿ ಮುಗಿಯುವುದು ಒಂದು ಏಣಿನ ಮೇಲೆ. ಅಲ್ಲಿ ಬಿದ್ದ ಮಳೆನೀರು ಒಂದು ಕಡೆ ಪೆಸಿಫಿಕ್ ಸಾಗರಕ್ಕೆ, ಇನ್ನೊಂದು ಕಡೆ ಕೆರಿಬಿಯನ್ ಸಮುದ್ರಕ್ಕೆ ಹರಿಯುತ್ತದೆ. ಸಾಮಾನ್ಯವಾಗಿ ಪ್ರವಾಸಿಗರು ಅಲ್ಲಿಂದ ವಾಪಸಾಗುತ್ತಾರೆ. ಗೆಳತಿಯರಿಬ್ಬರೂ ಅಲ್ಲಿ ನಗುತ್ತಾ ತೆಗೆದುಕೊಂಡ ಚಿತ್ರಗಳು ಕಾರ್ಡಿನಲ್ಲಿವೆ. ಆಮೇಲಿನ ಚಿತ್ರಗಳು ಅವರು ವಾಪಸಾಗದೆ ಆಚೆ ಬದಿಗೆ ಇಳಿದದ್ದನ್ನು ತೋರಿಸುತ್ತವೆ.

ಚಿಕ್ಕಬಳ್ಳಾಪುರ ಜಿಲ್ಲೆಯ ಬೆಟ್ಟ ಹತ್ತಿದವರಿಗೆ ಆ ಇಳಿಜಾರನ್ನು ಊಹಿಸಿಕೊಳ್ಳುವುದು ಸ್ವಲ್ಪ ಕಷ್ಟ. ಅಂಬಾಜಿದುರ್ಗವಾಗಲಿ ಸ್ಕಂದಗಿರಿಯಾಗಲಿ, ಬಂಡೆಯ ಮೇಲೆ ನಿಂತರೆ ಸುತ್ತಲಿನ ಊರು, ಕೆರೆ, ರಸ್ತೆ ಎಲ್ಲ ಕಾಣುತ್ತವೆ. ಮುರುಗಮಲ್ಲ ಯಾವ ದಿಕ್ಕಿಗೆ, ಚಿಂತಾಮಣಿ ಯಾವ ದಿಕ್ಕಿಗೆ ಎಂದು ಬೆರಳು ತೋರಿಸಿ ಹೇಳಬಹುದು. ಬೊಕೆಟೆಯ ಏಣಿನಾಚೆ ಇರುವುದು ಮೋಡ ಮುಸುಕಿದ ದಟ್ಟ ಕಾಡು. ನಾಲ್ಕು ಹೆಜ್ಜೆ ಆಚೆ ಏನಿದೆ ಎಂಬುದು ಕಾಣುವುದಿಲ್ಲ. ಕೊರಕಲುಗಳು ಆಳವಾಗಿವೆ, ಮಳೆ ಬಂದರೆ ತೊರೆಗಳು ನೋಡನೋಡುತ್ತಲೇ ಏರುತ್ತವೆ. ಮೊಬೈಲ್ ಸಿಗ್ನಲ್ ಏಣಿನ ಈಚೆಗೇ ನಿಂತುಬಿಡುತ್ತದೆ.

ಮರುದಿನ ಸ್ಥಳೀಯ ಮಾರ್ಗದರ್ಶಕರೊಬ್ಬರನ್ನು ಅವರು ಭೇಟಿಯಾಗಬೇಕಿತ್ತು, ಬರಲಿಲ್ಲ. ಏಪ್ರಿಲ್ 3ರಿಂದ ಹುಡುಕಾಟ ಶುರುವಾಯಿತು. 6ರಂದು ಹೆತ್ತವರು ನೆದರ್ಲೆಂಡ್ಸ್‌ನಿಂದ ಪೊಲೀಸರು ಮತ್ತು ಶ್ವಾನದಳದ ಜತೆ ಬಂದಿಳಿದರು. 30,000 ಡಾಲರ್ ಬಹುಮಾನ ಘೋಷಣೆಯಾಯಿತು. ಯಾವ ಸುಳಿವೂ ಸಿಗಲಿಲ್ಲ.

ಬ್ಯಾಗಿನಲ್ಲಿ ಸಿಕ್ಕಿದ್ದು

ಹತ್ತು ವಾರಗಳಾದ ಮೇಲೆ, ಏಣಿನಾಚೆಯ ಆಲ್ತೊ ರೊಮೆರೊ ಹಳ್ಳಿಯ ಬಳಿ ನದಿ ದಡದಲ್ಲಿ ನೀಲಿ ಬಣ್ಣದ ಬೆನ್ನುಚೀಲವೊಂದು ಸಿಕ್ಕಿತು. ಅದನ್ನು ತಂದುಕೊಟ್ಟವರು ಎಂಗೋಬೆ ಬುಡಕಟ್ಟಿನ ಮಹಿಳೆ. ಒಳಗೆ ಎರಡು ತಂಪು ಕನ್ನಡಕ, 83 ಡಾಲರ್ ನಗದು, ಲಿಸಾನ್‌ಳ ಪಾಸ್‌ಪೋರ್ಟ್, ನೀರಿನ ಬಾಟಲಿ, ಇಬ್ಬರ ಒಳಉಡುಪು, ಎರಡು ಮೊಬೈಲ್ ಫೋನ್ ಮತ್ತು ಲಿಸಾನ್‌ಳ ಕ್ಯಾನನ್ ಕ್ಯಾಮೆರಾ ಇದ್ದವು. ಅದಾದ ಮೇಲೆ ನಡೆದ ಹುಡುಕಾಟದಲ್ಲಿ ಅದೇ ನದಿಯ ದಡದಲ್ಲಿ ಚೆಲ್ಲಾಪಿಲ್ಲಿಯಾಗಿ ಕನಿಷ್ಠ 33 ಎಲುಬಿನ ತುಣುಕುಗಳು ಸಿಕ್ಕವು. ಅವು ಇವರಿಬ್ಬರದೇ ಎಂದು ಡಿಎನ್‌ಎ ಪರೀಕ್ಷೆ ಖಚಿತಪಡಿಸಿತು. ಸಾವಿಗೆ ಕಾರಣವೇನು ಎಂದು ಹೇಳಲು ಆ ತುಣುಕುಗಳು ಸಾಲಲಿಲ್ಲ.

ಹಾಗಾಗಿ ತನಿಖೆಯ ಭಾರವೆಲ್ಲ ಯಂತ್ರಗಳ ಮೇಲೆ ಬಿತ್ತು.

ಫೋನುಗಳು ಮೊದಲು ಬಾಯಿಬಿಟ್ಟವು. ಏಪ್ರಿಲ್ 1ರ ಸಂಜೆ 4 ಗಂಟೆ 39 ನಿಮಿಷಕ್ಕೆ ಕ್ರಿಸ್‌ಳ ಐಫೋನಿನಿಂದ ತುರ್ತು ಸಂಖ್ಯೆ 112ಕ್ಕೆ ಕರೆ ಹೋಗಿತ್ತು. ಹನ್ನೆರಡು ನಿಮಿಷಗಳ ಬಳಿಕ ಲಿಸಾನ್‌ಳ ಸ್ಯಾಮ್‌ಸಂಗ್‌ನಿಂದ ಇನ್ನೊಂದು. ಯಾವುದೂ ತಲುಪಿರಲಿಲ್ಲ. ಮುಂದಿನ ದಿನಗಳಲ್ಲಿ 112ಕ್ಕೂ ಪನಾಮಾದ 911ಕ್ಕೂ ಮತ್ತೆ ಮತ್ತೆ ಪ್ರಯತ್ನ ನಡೆದಿತ್ತು. ಏಪ್ರಿಲ್ 4ರಂದು ಸ್ಯಾಮ್‌ಸಂಗ್‌ನ ಬ್ಯಾಟರಿ ಮುಗಿಯಿತು. ಐಫೋನನ್ನು ಆಗಾಗ ಆನ್ ಮಾಡಿ ಆಫ್ ಮಾಡಲಾಗಿತ್ತು. ಕೆಲವು ದಿನಗಳಾದ ಮೇಲೆ ಸರಿಯಾದ ಪಿನ್ ಒತ್ತದೆಯೇ ಆನ್ ಮಾಡಿದ ದಾಖಲೆಯಿದೆ. ಅದು ಕೊನೆಯ ಬಾರಿಗೆ ಆಫ್ ಆದದ್ದು ಏಪ್ರಿಲ್ 11ರ ಬೆಳಿಗ್ಗೆ 11 ಗಂಟೆ 56 ನಿಮಿಷಕ್ಕೆ.

ಕ್ಯಾಮೆರಾದ ದಾಖಲೆಯನ್ನು ಇದರ ಪಕ್ಕದಲ್ಲಿಟ್ಟರೆ ಒಂದು ಕಾಲರೇಖೆ ಸಿಗುತ್ತದೆ. ತೊರೆ ದಾಟುವ 508ನೇ ಚಿತ್ರ ತೆಗೆದದ್ದು ಮಧ್ಯಾಹ್ನ ಎರಡಕ್ಕೆ ಸ್ವಲ್ಪ ಮುಂಚೆ. ಮೊದಲ ತುರ್ತು ಕರೆಗೂ ಅದಕ್ಕೂ ಎರಡೂವರೆ ಗಂಟೆಗೂ ಹೆಚ್ಚು ಅಂತರ. ಏನೇ ಆಗಿರಲಿ, ಶುರುವಾದದ್ದು ಆ ಅವಧಿಯಲ್ಲಿ. ಆಮೇಲೆ ಒಂದು ವಾರ ಕ್ಯಾಮೆರಾ ಸುಮ್ಮನಿತ್ತು. ಏಪ್ರಿಲ್ 8ರ ನಡುರಾತ್ರಿ ಕಳೆದು 1ರಿಂದ 4 ಗಂಟೆಯೊಳಗೆ ಇದ್ದಕ್ಕಿದ್ದಂತೆ ಸುಮಾರು 90 ಚಿತ್ರಗಳು, ಎಲ್ಲವೂ ಫ್ಲ್ಯಾಶ್ ಹಾಕಿ ತೆಗೆದವು.

ಅವುಗಳಲ್ಲಿ ಬಹುಪಾಲು ಚಿತ್ರಗಳಲ್ಲಿ ಕತ್ತಲೆ ಬಿಟ್ಟು ಹೆಚ್ಚೇನೂ ಇಲ್ಲ. ಕೆಲವದರಲ್ಲಿ ಬಂಡೆ, ಗಿಡಗಂಟಿ, ಕೊರಕಲಿನ ಅಂಚು. ಒಂದರಲ್ಲಿ ಬಂಡೆಯ ಮೇಲೆ ಇಟ್ಟ ಕಡ್ಡಿ, ಅದಕ್ಕೆ ಸಿಕ್ಕಿಸಿದ ಪ್ಲಾಸ್ಟಿಕ್ ಚೂರುಗಳು. ಇನ್ನೊಂದರಲ್ಲಿ ಬಂಡೆಯ ಮೇಲೆ ಹರಡಿದ ಕಾಗದ. ಮತ್ತೊಂದರಲ್ಲಿ ಕ್ರಿಸ್‌ಳ ತಲೆಯ ಹಿಂಭಾಗ, ಕೆಂಚುಗೂದಲು. ಮುಖ ಎಲ್ಲೂ ಇಲ್ಲ.

ಚಿತ್ರದ ಬೆನ್ನಲ್ಲಿ ಬರೆದಿರುವುದು

ಡಿಜಿಟಲ್ ಚಿತ್ರವೊಂದು ತನಿಖಾಧಿಕಾರಿಯ ಕೈಗೆ ಬಂದಾಗ ಅವರು ನೋಡುವುದು ಬರೀ ಚಿತ್ರವನ್ನಲ್ಲ. ಪ್ರತಿ ಫೈಲಿನ ಒಳಗೆ ಎಕ್ಸಿಫ್ ಎಂಬ ಮಾಹಿತಿ ಸೇರಿಕೊಂಡಿರುತ್ತದೆ: ಕ್ಯಾಮೆರಾ ಯಾವ ಮಾದರಿಯದು, ಯಾವ ದಿನ ಎಷ್ಟು ಗಂಟೆ ಎಷ್ಟು ಸೆಕೆಂಡಿಗೆ ಗುಂಡಿ ಒತ್ತಿದ್ದು, ಷಟರ್ ಎಷ್ಟು ಹೊತ್ತು ತೆರೆದಿತ್ತು, ಫ್ಲ್ಯಾಶ್ ಹೊತ್ತಿತೋ ಇಲ್ಲವೋ, ಲೆನ್ಸ್ ಎಷ್ಟು ಜೂಮ್ ಆಗಿತ್ತು. ಜಿಪಿಎಸ್ ಇರುವ ಕ್ಯಾಮೆರಾವಾದರೆ ಅಕ್ಷಾಂಶ ರೇಖಾಂಶವೂ ಸಿಗುತ್ತದೆ. ಲಿಸಾನ್‌ಳ ಪವರ್‌ಶಾಟ್ ಎಸ್‌ಎಕ್ಸ್270 ಮಾದರಿಯಲ್ಲಿ ಜಿಪಿಎಸ್ ಇರಲಿಲ್ಲ. ಆ ಒಂದು ಸೌಲಭ್ಯ ಇದ್ದಿದ್ದರೆ ರಾತ್ರಿ ಚಿತ್ರಗಳನ್ನು ತೆಗೆದ ಜಾಗ ಯಾವುದು ಎಂಬ ಪ್ರಶ್ನೆಗೆ ಉತ್ತರ ಸಿಗುವ ಸಾಧ್ಯತೆಯಿತ್ತು.

ಈ ಮಾಹಿತಿಯನ್ನೂ ಕಣ್ಣುಮುಚ್ಚಿ ನಂಬುವ ಹಾಗಿಲ್ಲ. ಕ್ಯಾಮೆರಾದ ಗಡಿಯಾರವನ್ನು ಹೊಂದಿಸುವುದು ಮನುಷ್ಯರು. ಬೇರೆ ದೇಶಕ್ಕೆ ಹೋದಾಗ ಅದನ್ನು ಬದಲಿಸಲು ಮರೆಯುವವರೇ ಹೆಚ್ಚು. ಫೋನ್ ತನ್ನ ಗಡಿಯಾರವನ್ನು ಟವರ್‌ನಿಂದ ಸರಿಪಡಿಸಿಕೊಳ್ಳುತ್ತದೆ, ಕ್ಯಾಮೆರಾಕ್ಕೆ ಆ ಅನುಕೂಲವಿಲ್ಲ. ಅದಕ್ಕೇ ತಜ್ಞರು ಒಂದೇ ಜಾಗದಲ್ಲಿ ಫೋನ್ ಮತ್ತು ಕ್ಯಾಮೆರಾ ಎರಡರಲ್ಲೂ ತೆಗೆದ ಚಿತ್ರವಿದೆಯೇ ಎಂದು ಹುಡುಕುತ್ತಾರೆ. ನೆರಳಿನ ಉದ್ದ ಮತ್ತು ದಿಕ್ಕು ಅಳೆದು, ಆ ಅಕ್ಷಾಂಶದಲ್ಲಿ ಆ ದಿನ ಸೂರ್ಯ ಎಲ್ಲಿರಬೇಕಿತ್ತು ಎಂದು ಲೆಕ್ಕ ಹಾಕಿ ತಾಳೆ ನೋಡುತ್ತಾರೆ.

ಇನ್ನು ಕಾಣೆಯಾದ 509. ಪ್ರತಿ ಚಿತ್ರಕ್ಕೂ ಕ್ಯಾಮೆರಾ ತಾನಾಗಿ ಒಂದರ ಮೇಲೊಂದು ಸಂಖ್ಯೆ ಕೊಡುತ್ತಾ ಹೋಗುತ್ತದೆ. ನಡುವೆ ಒಂದು ಸಂಖ್ಯೆ ಇಲ್ಲವೆಂದರೆ ಸಾಮಾನ್ಯವಾಗಿ ಆ ಚಿತ್ರವನ್ನು ಯಾರೋ ಅಳಿಸಿದ್ದಾರೆ ಎಂದರ್ಥ. ಅಳಿಸಿದ ಚಿತ್ರ ಕಾರ್ಡಿನಿಂದ ತಕ್ಷಣ ಮಾಯವಾಗುವುದಿಲ್ಲ. ಕಾರ್ಡಿನ ಪಟ್ಟಿಯಲ್ಲಿ ಹೆಸರು ಹೊಡೆದು, ಆ ಜಾಗ ಖಾಲಿಯಿದೆ ಎಂದು ಗುರುತು ಬೀಳುತ್ತದೆ, ಅಷ್ಟೇ. ಪಹಣಿಯಲ್ಲಿ ಹೆಸರು ಹೊಡೆದ ಮಾತ್ರಕ್ಕೆ ಹೊಲದ ಮಣ್ಣು ಎಲ್ಲಿಗೂ ಹೋಗುವುದಿಲ್ಲವಲ್ಲ, ಹಾಗೆ. ಹೊಸ ಚಿತ್ರ ಬಂದು ಅದೇ ಜಾಗದಲ್ಲಿ ಕೂರುವ ತನಕ ಹಳೆಯದನ್ನು ಮತ್ತೆ ಹೊರತೆಗೆಯಬಹುದು. ಜೆಪೆಗ್ ಚಿತ್ರಗಳೆಲ್ಲ ಒಂದೇ ಬಗೆಯ ಸಂಕೇತದಿಂದ ಶುರುವಾಗುತ್ತವೆ. ವಿಧಿವಿಜ್ಞಾನ ಪ್ರಯೋಗಾಲಯದ ತಂತ್ರಾಂಶ ಕಾರ್ಡನ್ನು ಮೊದಲಿನಿಂದ ಕೊನೆಯವರೆಗೆ ಜಾಲಾಡಿ ಆ ಸಂಕೇತವನ್ನು ಹುಡುಕುತ್ತದೆ.

ಈ ಕಾರ್ಡಿನಲ್ಲಿ ಹಳೆಯ ಚಿತ್ರಗಳನ್ನು ಹೊರತೆಗೆಯಲು ನಡೆದ ಪ್ರಯತ್ನದಲ್ಲಿ 509 ಸಿಗಲಿಲ್ಲ. ಯಾರೋ ಬೇಕೆಂದೇ ಕಂಪ್ಯೂಟರಿಗೆ ಹಾಕಿ ಅಳಿಸಿದ್ದಾರೆ ಎಂಬುದು ಒಂದು ವಾದ. ಆ ಯುವತಿಯರೇ ಅದನ್ನು ಅಳಿಸಿರಬಹುದು, ಆಮೇಲೆ ತೆಗೆದ ಚಿತ್ರ ಅದರ ಜಾಗ ಹಿಡಿದಿರಬಹುದು ಎಂಬುದು ಇನ್ನೊಂದು. ಕ್ಯಾಮೆರಾ ಕೆಳಗೆ ಬಿದ್ದೋ ಬ್ಯಾಟರಿ ಕೈಕೊಟ್ಟೋ ಫೈಲ್ ಪೂರ್ತಿಯಾಗದೆ ಸಂಖ್ಯೆ ಮಾತ್ರ ಮುಂದಕ್ಕೆ ಹೋಗಿರಬಹುದು ಎಂಬುದು ಮೂರನೆಯದು. ಮೂರಕ್ಕೂ ಕಾರ್ಡಿನ ಮೇಲೆ ಉಳಿಯುವ ಕುರುಹು ಒಂದೇ: ಖಾಲಿ ಸಂಖ್ಯೆ.

ಒಂದೇ ಚಿತ್ರ, ಹತ್ತು ಕಥೆ

ರಾತ್ರಿ ಚಿತ್ರಗಳಲ್ಲಿ ತೇಲುವ ಬಿಳಿ ಉಂಡೆಗಳು ಕಾಣುತ್ತವೆ. ಅವುಗಳಲ್ಲಿ ದೆವ್ವ ಕಂಡವರೂ ಇದ್ದಾರೆ. ಮಳೆ ಹನಿಯುವಾಗ ಫ್ಲ್ಯಾಶ್ ಹಾಕಿ ಚಿತ್ರ ತೆಗೆದು ನೋಡಿದರೆ ಯಾರಿಗಾದರೂ ಇದರ ಗುಟ್ಟು ಗೊತ್ತಾಗುತ್ತದೆ. ಸಣ್ಣ ಕ್ಯಾಮೆರಾಗಳಲ್ಲಿ ಫ್ಲ್ಯಾಶ್ ಲೆನ್ಸಿನ ಮಗ್ಗುಲಲ್ಲೇ ಇರುತ್ತದೆ. ಲೆನ್ಸಿಗೆ ತೀರಾ ಹತ್ತಿರದ ಹನಿ ಬೆಳಕನ್ನು ನೇರವಾಗಿ ಹಿಂದಕ್ಕೆ ಎಸೆಯುತ್ತದೆ, ಫೋಕಸ್ ಸಿಗದೆ ಉಂಡೆಯಾಗಿ ಊದಿಕೊಳ್ಳುತ್ತದೆ. ಆ ಉಂಡೆಗಳಿಂದ ಗೊತ್ತಾಗುವುದು ಗಾಳಿಯಲ್ಲಿ ನೀರಿನ ಹನಿಗಳಿದ್ದವು ಎಂಬುದು. ಇಂಥ ಫ್ಲ್ಯಾಶಿನ ಬೆಳಕು ಮೂರು ನಾಲ್ಕು ಮೀಟರ್ ದಾಟುವುದಿಲ್ಲ. ಹಾಗಾಗಿ ಪೂರ್ತಿ ಕಪ್ಪಾದ ಚಿತ್ರವೂ ಒಂದು ವಿಷಯ ಹೇಳುತ್ತದೆ: ಲೆನ್ಸಿನ ಮುಂದೆ ಅಷ್ಟು ದೂರದವರೆಗೆ ಮರವೋ ಬಂಡೆಯೋ ಇರಲಿಲ್ಲ.

ಆ ರಾತ್ರಿ ಅಷ್ಟು ಬಾರಿ ಗುಂಡಿ ಒತ್ತಿದ್ದು ಏತಕ್ಕೆ? ಹುಡುಕುವವರಿಗೆ ಬೆಳಕಿನ ಸಂಜ್ಞೆ ಕೊಡಲು ಎನ್ನುವವರಿದ್ದಾರೆ. ಬ್ಯಾಟರಿ ಮುಗಿದ ಫೋನಿಗೆ ಬದಲಾಗಿ ಟಾರ್ಚಿನಂತೆ ಬಳಸಿದ್ದು ಎನ್ನುವವರಿದ್ದಾರೆ. ಹತ್ತಿರ ಬಂದ ಪ್ರಾಣಿಯನ್ನು ಬೆದರಿಸಲು ಎಂಬ ಊಹೆಯೂ ಇದೆ. ಗುಂಡಿ ಒತ್ತಿದ್ದು ಅವರಲ್ಲದೆ ಬೇರೆಯವರು ಎಂಬ ವಾದವೂ ಚಾಲ್ತಿಯಲ್ಲಿದೆ. ಕಡ್ಡಿಗೆ ಸಿಕ್ಕಿಸಿದ ಪ್ಲಾಸ್ಟಿಕ್ ಗುರುತಿಗಾಗಿ ಇಟ್ಟದ್ದಿರಬಹುದು ಎಂಬುದಕ್ಕೆ ಹೆಚ್ಚಿನವರ ಒಪ್ಪಿಗೆಯಿದೆ, ಅದೂ ಊಹೆಯೇ. ಕೂದಲಿನ ಚಿತ್ರದಲ್ಲಿ ಒಬ್ಬರಿಗೆ ಗಾಯ ಕಂಡರೆ ಇನ್ನೊಬ್ಬರಿಗೆ ಬರೀ ನೆರಳು ಕಾಣುತ್ತದೆ.

ಈ ಚಿತ್ರಗಳು ಸಾರ್ವಜನಿಕರ ಕೈಗೆ ಬಿದ್ದ ಮೇಲೆ ಸಮಸ್ಯೆ ಇನ್ನಷ್ಟು ಬಿಗಡಾಯಿಸಿತು. ಕತ್ತಲೆ ಚಿತ್ರಕ್ಕೆ ಬೆಳಕು ಏರಿಸಿದಾಗ ಕ್ಯಾಮೆರಾ ಸಂವೇದಕದ ಗದ್ದಲವೂ ಜತೆಗೇ ಏರುತ್ತದೆ. ಅದನ್ನು ಕುಗ್ಗಿಸಿ, ಹಿಗ್ಗಿಸಿ, ಹತ್ತಾರು ಸಲ ಹಂಚಿದರೆ ಚೌಕುಳಿ ಚೌಕುಳಿಯಾಗಿ ಒಡೆದ ಬಿಂದುಗಳಲ್ಲಿ ಕಣ್ಣು, ಕೈ, ಮುಖ ಮೂಡುತ್ತವೆ. ಮನುಷ್ಯನ ಮಿದುಳು ಎಲ್ಲಕ್ಕಿಂತ ಮೊದಲು ಹುಡುಕುವುದೇ ಮುಖವನ್ನು. ಮೂಲ ಫೈಲಿನಲ್ಲಿ ಇಲ್ಲದ ಅಪರಾಧಿಗಳು ಹೀಗೆ ಹುಟ್ಟಿಕೊಂಡರು, ಬೊಕೆಟೆಯ ಕೆಲವರ ಮೇಲೆ ಆಧಾರವಿಲ್ಲದೆ ಬೆರಳು ಮಾಡಲಾಯಿತು.

ಕಾಲುಜಾರಿ ಬಿದ್ದು ಇಲ್ಲವೇ ದಾರಿ ತಪ್ಪಿ, ಕೊನೆಗೆ ನದಿಯಲ್ಲಿ ಕೊಚ್ಚಿಹೋಗಿರಬೇಕು ಎಂಬುದು ಪನಾಮಾ ಅಧಿಕಾರಿಗಳ ನಿಲುವು. ಪ್ರಕರಣದ ಕಡತಗಳನ್ನು ನೋಡಿ 2021ರಲ್ಲಿ ಪುಸ್ತಕ ಬರೆದ ಡಚ್ ಲೇಖಕರಾದ ಮರ್ಯಾ ವೆಸ್ಟ್ ಮತ್ತು ಯೂರ್ಗೆನ್ ಸ್ನೂರೆನ್ ಕೂಡ ಅಪಘಾತದ ಕಡೆಗೇ ವಾಲಿದ್ದಾರೆ. ಕೊಲೆ ಎಂದು ನಂಬುವವರ ಸಂಖ್ಯೆಯೂ ಕಡಿಮೆಯಿಲ್ಲ. ಎರಡೂ ಕಡೆಯವರು ಮುಂದಿಡುವುದು ಅವೇ ಚಿತ್ರಗಳನ್ನು.

ಕ್ಯಾಮೆರಾ ಉತ್ತರ ಕೊಟ್ಟ ಕಡೆ

ಯಾವ ಪ್ರಶ್ನೆಗೆ ಚಿತ್ರ ಉತ್ತರಿಸಬಲ್ಲದು ಎಂಬುದು ಬೇರೆ ಪ್ರಕರಣಗಳನ್ನು ನೋಡಿದರೆ ತಿಳಿಯುತ್ತದೆ. 2019ರ ಮೇ ತಿಂಗಳ ಕೊನೆಯಲ್ಲಿ ಉತ್ತರಾಖಂಡದ ನಂದಾದೇವಿ ಪೂರ್ವ ಶಿಖರದ ಬಳಿ ಬ್ರಿಟನ್ನಿನ ಪರ್ವತಾರೋಹಿ ಮಾರ್ಟಿನ್ ಮೊರಾನ್ ನೇತೃತ್ವದ ಎಂಟು ಜನ ಕಾಣೆಯಾದರು. ಇಂಡೋ-ಟಿಬೆಟನ್ ಗಡಿ ಪೊಲೀಸ್ ಪಡೆ ಏಳು ಶವಗಳನ್ನು ಹೊರತೆಗೆಯಿತು. ಹಿಮದಲ್ಲಿ ಒಂದು ಗೋಪ್ರೊ ಕ್ಯಾಮೆರಾವೂ ಸಿಕ್ಕಿತು. ಜುಲೈನಲ್ಲಿ ಪಡೆ ಬಿಡುಗಡೆ ಮಾಡಿದ ಸುಮಾರು ಎರಡು ನಿಮಿಷಗಳ ದೃಶ್ಯದಲ್ಲಿ ತಂಡದವರು ಒಂದೇ ಹಗ್ಗಕ್ಕೆ ಕಟ್ಟಿಕೊಂಡು ಹೆಸರಿಲ್ಲದ ಶಿಖರವೊಂದರ ಚೂಪು ಏಣಿನ ಮೇಲೆ ನಡೆಯುತ್ತಿದ್ದರು. ಅವರು ಎಲ್ಲಿದ್ದರು, ಹೇಗೆ ಸಾಗುತ್ತಿದ್ದರು, ಕಾಲಡಿಯ ಹಿಮ ಹೇಗಿತ್ತು ಎಂಬುದೆಲ್ಲ ಅದರಲ್ಲಿತ್ತು. ಶವಗಳು ಸಿಕ್ಕ ಜಾಗವೂ ಅದಕ್ಕೆ ಹೊಂದಿತು. ಹಿಮ ಕುಸಿದು ಬಿದ್ದರು ಎಂಬ ತೀರ್ಮಾನದ ಬಗ್ಗೆ ಹೆಚ್ಚು ತಕರಾರು ಬರಲಿಲ್ಲ.

ಇದಕ್ಕೂ ಹಳೆಯ ಉದಾಹರಣೆ ಸ್ವೀಡನ್ನಿನದು. 1897ರ ಜುಲೈನಲ್ಲಿ ಆಂದ್ರೆ ಎಂಬ ಎಂಜಿನಿಯರ್ ಇಬ್ಬರು ಸಂಗಾತಿಗಳೊಂದಿಗೆ ಬಲೂನಿನಲ್ಲಿ ಉತ್ತರ ಧ್ರುವಕ್ಕೆ ಹೊರಟು ಕಾಣೆಯಾದ. 33 ವರ್ಷಗಳ ಬಳಿಕ, 1930ರಲ್ಲಿ, ಬಿಳಿ ದ್ವೀಪ ಎಂಬ ಹಿಮದ ನಡುಗಡ್ಡೆಯಲ್ಲಿ ಅವರ ಅವಶೇಷ, ದಿನಚರಿ, ಫಿಲ್ಮ್ ಎಲ್ಲ ಸಿಕ್ಕವು. ಸ್ಟಾಕ್‌ಹೋಮಿನಲ್ಲಿ ಯೋನ್ ಹರ್ಟ್ಸ್‌ಬರ್ಗ್ ಎಂಬ ತಜ್ಞ ಆ ಫಿಲ್ಮನ್ನು ತೊಳೆದು 93 ಚಿತ್ರಗಳನ್ನು ಉಳಿಸಿಕೊಂಡ. ನೆಲಕ್ಕಿಳಿದ ಬಲೂನು, ಬೇಟೆಯಾಡಿದ ಹಿಮಕರಡಿ ಎಲ್ಲ ಸ್ಪಷ್ಟವಾಗಿ ಕಾಣುತ್ತವೆ. ಬಲೂನಿಗೆ ಏನಾಯಿತು ಎಂಬ ಪ್ರಶ್ನೆ ಅಲ್ಲಿಗೆ ಮುಗಿಯಿತು. ಆ ಮೂವರು ಸತ್ತದ್ದು ಹೇಗೆ ಎಂಬ ಚರ್ಚೆ ಈಗಲೂ ಮುಗಿದಿಲ್ಲ.

ಎವರೆಸ್ಟಿನಲ್ಲಿ 1924ರಲ್ಲಿ ಮಡಿದ ಮ್ಯಾಲರಿ ಮತ್ತು ಅರ್ವಿನ್ ಅವರ ಕೊಡಾಕ್ ಕ್ಯಾಮೆರಾವನ್ನು ಜನ ಹುಡುಕುತ್ತಿರುವುದೂ ಇಂಥ ಒಂದೇ ಉತ್ತರಕ್ಕೆ: ತುದಿ ಮುಟ್ಟಿದ್ದರೋ ಇಲ್ಲವೋ. ಮ್ಯಾಲರಿಯ ದೇಹ 1999ರಲ್ಲಿ ಸಿಕ್ಕಿತು, ಅರ್ವಿನ್‌ನ ಪಾದವಿದ್ದ ಬೂಟು 2024ರಲ್ಲಿ ಸಿಕ್ಕಿತು. ಕ್ಯಾಮೆರಾ ಸಿಕ್ಕಿಲ್ಲ.

ಎಲ್ಲಿ, ಯಾವಾಗ, ಯಾವುದರ ನಂತರ ಯಾವುದು ಎಂಬುದರಲ್ಲಿ ಚಿತ್ರ ಗಟ್ಟಿ ಸಾಕ್ಷಿ. ಏಕೆ ಎಂದು ಕೇಳಿದ ಕೂಡಲೇ ಮಾತಾಡಲು ಶುರು ಮಾಡುವವರು ನೋಡುಗರು.

ಕೋರ್ಟಿಗೆ ಬೇಕಾದದ್ದು

ನಮ್ಮಲ್ಲಿ ಇಂಥ ಚಿತ್ರ ನ್ಯಾಯಾಲಯದ ಮುಂದೆ ಬಂದರೆ ಅನ್ವಯವಾಗುವುದು ಭಾರತೀಯ ಸಾಕ್ಷ್ಯ ಅಧಿನಿಯಮ. 1872ರ ಹಳೆಯ ಕಾಯ್ದೆಯ ಜಾಗದಲ್ಲಿ ಇದು 2024ರ ಜುಲೈ 1ರಿಂದ ಜಾರಿಯಲ್ಲಿದೆ. ಇದರ 63ನೇ ಕಲಂ ಪ್ರಕಾರ ಎಲೆಕ್ಟ್ರಾನಿಕ್ ದಾಖಲೆಯ ಪ್ರತಿಯ ಜತೆ ಪ್ರಮಾಣಪತ್ರ ಇರಬೇಕು. ಅದರ ಒಂದು ಭಾಗಕ್ಕೆ ಉಪಕರಣ ಯಾರ ವಶದಲ್ಲಿತ್ತೋ ಅವರು, ಇನ್ನೊಂದಕ್ಕೆ ತಜ್ಞರು ಸಹಿ ಹಾಕಬೇಕು. ಫೈಲಿನ ಹ್ಯಾಶ್ ಮೌಲ್ಯವನ್ನೂ ಬರೆಯಬೇಕು. ಹ್ಯಾಶ್ ಎಂದರೆ ಇಡೀ ಫೈಲನ್ನು ಲೆಕ್ಕಕ್ಕೆ ಹಾಕಿ ತೆಗೆಯುವ ಉದ್ದನೆಯ ಸಂಖ್ಯೆ. ಚಿತ್ರದ ಒಂದು ಬಿಂದು ಬದಲಾದರೂ ಅದು ಪೂರ್ತಿ ಬದಲಾಗುತ್ತದೆ. ಬೆಳಕು ಏರಿಸಿದ ಪ್ರತಿ ಎಷ್ಟೇ ಚೆನ್ನಾಗಿ ಕಂಡರೂ ಅದರ ಹ್ಯಾಶ್ ಮೂಲದ್ದಕ್ಕೆ ಹೊಂದುವುದಿಲ್ಲ. ಪನಾಮಾದ ಚೀಲ ಹಲವರ ಕೈ ದಾಟಿ ಪ್ರಯೋಗಾಲಯ ಸೇರಿತು. ಯಾರ ಕೈಯಿಂದ ಯಾರ ಕೈಗೆ, ಯಾವಾಗ ಹೋಯಿತು ಎಂಬ ಪಟ್ಟಿ ಎಷ್ಟು ಬಿಗಿಯಾಗಿರುತ್ತದೋ ಸಾಕ್ಷ್ಯಕ್ಕೆ ಅಷ್ಟು ಬೆಲೆ.

ಸಮಯಕ್ಕೆ ತಲುಪಿದ ಚಿತ್ರ

ಚಿತ್ರ ಹೆಚ್ಚು ಕೆಲಸಕ್ಕೆ ಬರುವುದು ಆಮೇಲೆ ಸಿಕ್ಕಾಗ ಅಲ್ಲ, ಆಗಲೇ ಹೊರಗೆ ಹೋದಾಗ. 2022ರ ಫೆಬ್ರುವರಿಯಲ್ಲಿ ಕೇರಳದ ಮಲಂಪುಳದ ಬೆಟ್ಟದಲ್ಲಿ ಯುವಕನೊಬ್ಬ ಜಾರಿ ಕಡಿದಾದ ಬಂಡೆಯ ಸಂದಿಯಲ್ಲಿ ಸಿಕ್ಕಿಕೊಂಡ. ಫೋನ್ ಕೈಯಲ್ಲಿತ್ತು, ಸಿಗ್ನಲ್ ಇತ್ತು. ತಾನಿರುವ ಜಾಗದ ಚಿತ್ರ ತೆಗೆದು ಗೆಳೆಯರಿಗೆ ಕಳಿಸಿದ. ಎರಡು ರಾತ್ರಿ ಕಳೆದ ಮೇಲೆ ಸೇನೆಯವರು ಹಗ್ಗದಲ್ಲಿಳಿದು ಅವನನ್ನು ಮೇಲಕ್ಕೆತ್ತಿದರು. ಆ ಕಾರ್ಯಾಚರಣೆಗೆ ಬೆಂಗಳೂರಿನಿಂದಲೂ ಯೋಧರು ಹೋಗಿದ್ದರು. ಅದೇ ತಿಂಗಳು 20ರಂದು ನಂದಿಬೆಟ್ಟದ ಬ್ರಹ್ಮಗಿರಿಯಲ್ಲಿ 19 ವರ್ಷದ ವಿದ್ಯಾರ್ಥಿಯೊಬ್ಬ ಸುಮಾರು 300 ಅಡಿ ಕೆಳಗೆ ಜಾರಿ ಬಂಡೆಗಳ ನಡುವೆ ಸಿಲುಕಿದ. ಚಿಕ್ಕಬಳ್ಳಾಪುರ ಪೊಲೀಸರ ಕೋರಿಕೆಯ ಮೇಲೆ ಯಲಹಂಕದಿಂದ ವಾಯುಪಡೆಯ ಎಂಐ-17 ಹೆಲಿಕಾಪ್ಟರ್ ಬಂತು. ಇಳಿಯಲು ಜಾಗವಿಲ್ಲದ ಕಾರಣ ಸಿಬ್ಬಂದಿಯೊಬ್ಬರನ್ನು ಹಗ್ಗದಲ್ಲಿ ಇಳಿಸಿ ಅವನನ್ನು ಎತ್ತಿಕೊಂಡರು. ಪೊಲೀಸರು ಜತೆಗಿದ್ದೂ ಹೆಲಿಕಾಪ್ಟರ್ ಸಾಕಷ್ಟು ಹುಡುಕಾಡಬೇಕಾಯಿತು. ಬೋಳು ಬಂಡೆಯ ಬೆಟ್ಟದಲ್ಲೇ ಹೀಗೆ.

ಪೊಲೀಸರು ಮತ್ತು ರಕ್ಷಣಾ ಸಿಬ್ಬಂದಿಗೆ ಉಪಯೋಗಕ್ಕೆ ಬರುವ ಚಿತ್ರಗಳು ಸೆಲ್ಫಿಗಳಿಗಿಂತ ಬೇರೆ. ಬೆಟ್ಟದ ಬುಡದ ಫಲಕ, ದಾರಿ ಕವಲೊಡೆಯುವ ಜಾಗ, ಹಾಕಿಕೊಂಡ ಬಟ್ಟೆ ಮತ್ತು ಬೂಟಿನ ಅಡಿ ಕಾಣುವಂತೆ ಒಂದು ಚಿತ್ರ: ಇವನ್ನು ಸಿಗ್ನಲ್ ಇರುವಾಗಲೇ ಮನೆಯವರಿಗೆ ಕಳಿಸಬೇಕು. ಬೂಟಿನ ಅಚ್ಚು ಗೊತ್ತಿದ್ದರೆ ಕೆಸರಿನಲ್ಲಿ ಹೆಜ್ಜೆ ಹುಡುಕುವುದು ಸುಲಭ. ವಾಟ್ಸ್ಆ್ಯಪ್‌ನಲ್ಲಿ ಫೋಟೊ ಎಂದು ಕಳಿಸಿದರೆ ಅದು ಕುಗ್ಗುತ್ತದೆ, ಒಳಗಿನ ಸಮಯ ಮತ್ತು ಜಾಗದ ಮಾಹಿತಿ ಅಳಿದುಹೋಗುತ್ತದೆ. ಡಾಕ್ಯುಮೆಂಟ್ ಎಂದು ಕಳಿಸಿದರೆ ಎಲ್ಲವೂ ಉಳಿಯುತ್ತದೆ. ಫೋನಿನ ಕ್ಯಾಮೆರಾಕ್ಕೆ ಲೊಕೇಶನ್ ಅನುಮತಿ ಕೊಟ್ಟಿರಬೇಕು. ಊರಲ್ಲಿ ಅದನ್ನು ಬಂದ್ ಮಾಡಿಟ್ಟವರು ಬೆಟ್ಟ ಹತ್ತುವ ಮುಂಚೆ ಮತ್ತೆ ತೆರೆಯಬೇಕಾಗುತ್ತದೆ.